ಡಾಕ್ಟರರ ತಗಡು ಮೀನು

ಮಣಿಪಾಲದ ಗುಡ್ಡದ ಮೇಲಿನ ಒಂದು ಕ್ಲಿನಿಕ್ಕಿನಲ್ಲಿ ನನ್ನ ಟೋಕನ್ ಕರೆಯುವುದನ್ನು ಕಾಯುತ್ತ ಕೂತಿದ್ದೆ. ಹೀಗೆ ಕಾಯುವುದೇ ಈಗ ನನ್ನ ಮುಖ್ಯ ಕಸುಬು. ಮಂಡಿಗೆ ಒಂದು ದಿನ, ಕಣ್ಣಿಗೆ ಒಂದು ದಿನ, ರಕ್ತದೊತ್ತಡಕ್ಕೆ ಒಂದು ದಿನ ಎಂದು ನನ್ನ ತಿಂಗಳನ್ನು ವೈದ್ಯರುಗಳೇ ಪಾಲು ಮಾಡಿಕೊಂಡಿದ್ದಾರೆ. ನನಗೆ ಉಳಿದದ್ದು ಬಸ್ಸು ಹತ್ತುವುದು, ಇಳಿಯುವುದು. ನೀವೂ ಇಂಥ ಕುರ್ಚಿಗಳಲ್ಲಿ ಕೂತಿರಬಹುದು. ಒಂದಕ್ಕೊಂದು ಕಬ್ಬಿಣದ ಪಟ್ಟಿಯಿಂದ ಜೋಡಿಸಿರುತ್ತಾರಲ್ಲ, ಪಕ್ಕದವರು ಕೆಮ್ಮಿದರೆ ನಾವೂ ಅಲುಗಾಡಬೇಕು.

ಎದುರು ಗೋಡೆಗೆ ಒಂದು ದೊಡ್ಡ ಗಾಜಿನ ತೊಟ್ಟಿ ಇತ್ತು. ನೀಲಿ ದೀಪ, ಗುಳುಗುಳು ಏಳುವ ಗಾಳಿಯ ಗುಳ್ಳೆ, ಪ್ಲಾಸ್ಟಿಕ್ಕಿನ ಗಿಡ. ಕೆಂಪು, ಹಳದಿ ಮೀನುಗಳ ಎದುರು ಒಂದು ಮಗು ಮೂಗು ಒತ್ತಿ ನಿಂತಿತ್ತು. ನನ್ನ ಕಣ್ಣು ಹೋದದ್ದು ಮೂಲೆಯಲ್ಲಿ ಗಾಜಿಗೆ ಬಾಯಿ ಅಂಟಿಸಿಕೊಂಡಿದ್ದ ಕರಿ ಮೀನಿನ ಮೇಲೆ. ಅದರ ಮೈಗೆ ಹುರುಪೆ ಇರಲಿಲ್ಲ. ಬದಲಿಗೆ ತಲೆಯಿಂದ ಬಾಲದವರೆಗೆ ಗಟ್ಟಿ ತಗಡುಗಳ ಸಾಲು ಇತ್ತು.

ನೆಲ ಒರೆಸುತ್ತಿದ್ದ ಹೆಂಗಸು ನಾನು ನೋಡುವುದನ್ನು ನೋಡಿದಳು. "ಅದು ಗಾಜು ತೊಳೆಯುವ ಮೀನು ಅಮ್ಮ. ನನ್ನ ಹಾಗೆ. ಅದನ್ನು ಯಾರೂ ನೋಡುವುದಿಲ್ಲ," ಎಂದು ನಕ್ಕಳು. "ದೊಡ್ಡದಾದರೆ ತೊಟ್ಟಿಯಲ್ಲಿ ಜಾಗ ಸಾಲುವುದಿಲ್ಲ. ಕೆಲವರು ಹೊಳೆಗೆ ಬಿಡ್ತಾರಂತೆ."

ಬಿಡುತ್ತಾರೆ, ನನಗೆ ಗೊತ್ತು. ಕೆಮ್ಮಣ್ಣಿನಲ್ಲಿ ನನ್ನ ತಂಗಿಯ ಮನೆಯವರು ಹೊಳೆಗೆ ಬಲೆ ಹಾಕಿದರೆ ಒಮ್ಮೊಮ್ಮೆ ಇವು ಬರುವುದುಂಟು. ಮುಳ್ಳಿಗೆ ಸಿಕ್ಕಿ ಬಲೆ ಹರಿಯುತ್ತದೆ. ತಿನ್ನುವ ರೂಢಿ ಇಲ್ಲದ ಕಾರಣ ದಂಡೆಗೆ ಎಸೆಯುತ್ತಾರೆ, ಅವು ಅಲ್ಲೇ ಗಂಟೆಗಟ್ಟಲೆ ಬದುಕಿರುತ್ತವೆ. ಇಷ್ಟು ಗಟ್ಟಿ ಮೀನನ್ನು ಕೊಲ್ಲುವುದು ಸುಲಭವಲ್ಲ ಎಂದು ತಂಗಿಯ ಮೊಮ್ಮಗ ಹೇಳುತ್ತಾನೆ. ಇದೇ ಬಳಗದ ಸಣ್ಣ ಜಾತಿಯ ನಾಲ್ಕನ್ನು ನಾನು ಹದಿನೇಳರ ಪ್ರಾಯದಲ್ಲಿ ಒಂದು ತಂಬಿಗೆಯಿಂದ ಕೊಂದಿದ್ದೆ. ಅದರಿಂದಾಗಿ ನರ್ಸ್ ಆಗಬೇಕಾದವಳು ನರ್ಸ್ ಆಗಲಿಲ್ಲ.

ನಮ್ಮದು ಕಾಪುವಿನ ಕಡಲ ಬದಿಯ ಮನೆ. ಅಪ್ಪ ರಂಪಣಿಗೆ ಹೋಗುತ್ತಿದ್ದರು. ಊರಿನ ಗಂಡಸರೆಲ್ಲ ಸೇರಿ ದಡದಿಂದಲೇ ಎಳೆಯುವ ಆ ದೊಡ್ಡ ಬಲೆಯನ್ನು ನೀವು ನೋಡಿರಲಿಕ್ಕಿಲ್ಲ. ಅಮ್ಮ ಮೀನಿನ ಬುಟ್ಟಿ ಹೊತ್ತು ಮಣಿಪಾಲಕ್ಕೆ ಹೋಗುತ್ತಿದ್ದಳು. ಕಾಪುವಿನಿಂದ ಉಡುಪಿಗೆ ಬಸ್ಸು. ಬುಟ್ಟಿಗೆ ಬಸ್ಸಿನ ಮಾಡಿನ ಮೇಲೆ ಜಾಗ, ಅಮ್ಮನಿಗೆ ಹಿಂದಿನ ಸೀಟಿನ ಮೂಲೆ. ಉಡುಪಿಯಿಂದ ಮುಂದಕ್ಕೆ ಗುಡ್ಡ ಹತ್ತಿ ನಡಿಗೆ. ಆ ಕಾಲದಲ್ಲಿ ಮಣಿಪಾಲವೆಂದರೆ ಮುರಕಲ್ಲಿನ ಬೋಳು ಗುಡ್ಡ, ಅಲ್ಲಲ್ಲಿ ಏಳುತ್ತಿದ್ದ ಕಟ್ಟಡಗಳು, ದೂರ ದೂರದಿಂದ ಬಂದು ಪಾಠ ಮಾಡುವ ಮೇಷ್ಟ್ರುಗಳ ಹೊಸ ಮನೆಗಳು. ಆ ಮನೆಗಳಿಗೆಲ್ಲ ಅಮ್ಮ 'ಕಾಪುವಿನ ಅಕ್ಕು'.

ಅಮ್ಮನಿಗೆ ಓದು ಬರುತ್ತಿರಲಿಲ್ಲ. ಗಿರಾಕಿಗಳನ್ನು ಮರುಳು ಮಾಡುವ ಮಾತೂ ಬರುತ್ತಿರಲಿಲ್ಲ. ಅವಳ ವ್ಯಾಪಾರ ನಡೆಯುತ್ತಿದ್ದದ್ದು ಒಂದೇ ಒಂದು ಗುಣದಿಂದ. ಬುಟ್ಟಿ ಇಳಿಸಿದ ಕೂಡಲೇ ಅವಳೇ ಹೇಳಿಬಿಡುತ್ತಿದ್ದಳು: "ಬಾಯಮ್ಮಾ, ಇವತ್ತು ಬಂಗುಡೆ ನಿಮಗೆ ಬೇಡ. ನಿನ್ನೆ ಸಂಜೆಯದ್ದು. ಕಾಣೆ ಉಂಟು, ಅದು ಬೆಳಿಗ್ಗೆಯದ್ದು, ಅದನ್ನು ತಗೊಳ್ಳಿ." ಬೇರೆಯವರ ಮೀನನ್ನು ಜನ ಕಿವಿರು ಎತ್ತಿ ನೋಡುತ್ತಿದ್ದರು, ಕಣ್ಣು ಒತ್ತಿ ನೋಡುತ್ತಿದ್ದರು. ಅಮ್ಮನ ಮೀನಿನ ಕಿವಿರಿಗೆ ಹೊಸ ಗಿರಾಕಿಗಳು ಕೈ ಹಾಕಿದರೆ ಅವಳು ಬುಟ್ಟಿ ಮುಚ್ಚಿ ಎದ್ದು ಬಿಡುವುದಿತ್ತು. ನನಗೆ ನಾಚಿಕೆಯಾಗುತ್ತಿತ್ತು. ಮೀನು ಮಾರುವವರಿಗೆ ಇಷ್ಟು ಗತ್ತು ಯಾಕೆ ಎಂದು ನನ್ನ ಲೆಕ್ಕ. ಎಸ್ಸೆಸ್ಸೆಲ್ಸಿ ಪಾಸಾದವಳಲ್ಲವೇ! ನಮ್ಮ ಸಾಲಿನ ಮನೆಗಳಲ್ಲಿ ಪಾಸಾದ ಮೊದಲ ಹುಡುಗಿ ನಾನು. ಆ ಒಂದು ಹಾಳೆಯ ಬಲದಲ್ಲಿ ಎರಡು ವರ್ಷ ಯಾರ ಮಾತೂ ನನಗೆ ಕೇಳಿಸುತ್ತಿರಲಿಲ್ಲ.

ಮಣಿಪಾಲದ ಗಿರಾಕಿಗಳಲ್ಲಿ ಒಬ್ಬರು ಡಾಕ್ಟರು. ಕಾರ್ಕಳದ ಕಡೆಯ ಕೊಂಕಣಿ ಕ್ರಿಸ್ತಿಯನರು, ಕಾಲೇಜಿನಲ್ಲಿ ಪಾಠ ಮಾಡುತ್ತಿದ್ದರು. ತೆಳ್ಳಗೆ, ದಪ್ಪ ಕನ್ನಡಕ, ಮಾತು ಕಡಿಮೆ. ಶನಿವಾರ ನಾನು ಅಮ್ಮನ ಜೊತೆ ಹೋದರೆ ಅವರ ಹೆಂಡತಿ, ಅಮ್ಮ 'ಬಾಯಮ್ಮ' ಎಂದು ಕರೆಯುತ್ತಿದ್ದವರು, ಕಾಫಿ ಕೊಡುತ್ತಿದ್ದರು. ಅವರ ಜಗಲಿಯಲ್ಲಿ ಕಬ್ಬಿಣದ ಚೌಕಟ್ಟಿನ ಒಂದು ಗಾಜಿನ ತೊಟ್ಟಿ ಇತ್ತು. ತಳದಲ್ಲಿ ಹೊಳೆಯ ಮರಳು, ನಮ್ಮ ಮಾತಿನಲ್ಲಿ ಹೊಯಿಗೆ, ನಾಲ್ಕು ನೀರಗಿಡ, ಮತ್ತೆ ನಾಲ್ಕು ಮೀನು. ಹೆಬ್ಬೆರಳಿನಷ್ಟು ಉದ್ದದ, ಮಣ್ಣಿನ ಬಣ್ಣದ, ಮೀಸೆಯಿದ್ದ ಮೀನು. ಕಲ್ಕತ್ತದಿಂದ ಬಂದ ಸ್ನೇಹಿತರೊಬ್ಬರು ಡಬ್ಬದಲ್ಲಿ ತಂದುಕೊಟ್ಟದ್ದಂತೆ. ಇಷ್ಟು ದೂರದಿಂದ ತರಿಸಿ, ಗಾಜಿನೊಳಗೆ ಇಟ್ಟು, ನೋಡುವಂಥ ಚಂದ ಅವುಗಳಲ್ಲಿ ಏನೂ ಇರಲಿಲ್ಲ.

"ಇದರ ಊರು ದಕ್ಷಿಣ ಅಮೇರಿಕ," ಎಂದು ಡಾಕ್ಟರು ಒಮ್ಮೆ ಅಮ್ಮನಿಗೆ ಹೇಳಿದರು. ಬೇರೆ ವಿಷಯಗಳಲ್ಲಿ ಎರಡು ಮಾತಾಡದವರು ಮೀನಿನ ಎದುರು ನಿಂತರೆ ಉದ್ದ ಮಾತಾಡುತ್ತಿದ್ದರು. "ಅಲ್ಲಿ ದೊಡ್ಡ ಹೊಳೆಗಳ ಬದಿಯ ಸಣ್ಣ ತೋಡುಗಳಲ್ಲಿ ನೂರಾರು ಒಟ್ಟಿಗೆ ಇರ್ತವೆ. ಮೀಸೆಯಿಂದ ಹೊಯಿಗೆ ಕೆದಕಿ ತಿನ್ನುವುದು. ಮೈ ನೋಡು ಅಕ್ಕು, ಎರಡು ಸಾಲು ತಗಡು. ಹಕ್ಕಿ ನುಂಗಲಿಕ್ಕೆ ಬಂದರೆ ಮುಳ್ಳು ಬಿಡಿಸಿ ನಿಲ್ತದೆ."

ಅಮ್ಮ ಬಗ್ಗಿ ನೋಡಿದಳು. "ನಮ್ಮ ಮಾಡಿಗೆ ಹೆಂಚು ಹೊದಿಸಿದ ಹಾಗೆ ಉಂಟು," ಎಂದಳು. "ಮುಳ್ಳು ನಮ್ಮ ತೇಡೆಗೂ ಉಂಟು ಡಾಕ್ಟ್ರೇ. ಚುಚ್ಚಿದರೆ ಮೂರು ದಿನ ಕೈ ಏಳುವುದಿಲ್ಲ." ತೇಡೆ ಎಂದರೆ ನಮ್ಮ ಕಡಲಿನ ಮೀಸೆ ಮೀನು. ಡಾಕ್ಟರಿಗೆ ಬಹಳ ಸಂತೋಷವಾಯಿತು. ತನ್ನ ಮೀನಿಗೆ ಇಲ್ಲಿ ಒಬ್ಬ ಸಂಬಂಧಿ ಇದ್ದಾನೆ ಎಂದು ಗೊತ್ತಾದ ಹಾಗೆ.

ಆ ಸಂತೋಷವೇ ನಮಗೆ ಮುಳುವಾಯಿತು. ಆ ವರ್ಷ ಡಾಕ್ಟರು ಆರು ತಿಂಗಳ ಹೆಚ್ಚಿನ ತರಬೇತಿಗೆಂದು ಬೊಂಬಾಯಿಗೆ ಹೊರಟರು. ಬಾಯಮ್ಮ ಮಕ್ಕಳೊಂದಿಗೆ ಕಾರ್ಕಳದ ತವರಿಗೆ. ತವರಿನಲ್ಲಿ ಮೂರು ಬೆಕ್ಕು. ಮೀನು ಎಲ್ಲಿಗೆ?

"ಅಕ್ಕು, ನೀವು ಮೀನಿನ ಜನ. ನಿಮ್ಮಷ್ಟು ಮೀನು ಗೊತ್ತಿದ್ದವರು ಇಲ್ಲಿ ಯಾರು ಉಂಟು?" ಎಂದರು ಡಾಕ್ಟರು.

ಅಮ್ಮನ ಮುಖ ಅರಳಿದ್ದು ನನಗೆ ಇವತ್ತೂ ಕಾಣುತ್ತದೆ. ಅವಳು ನನ್ನನ್ನು ಮುಂದೆ ತಳ್ಳಿದಳು. "ಇವಳು ನೋಡಿಕೊಳ್ತಾಳೆ ಡಾಕ್ಟ್ರೇ. ಎಸ್ಸೆಸ್ಸೆಲ್ಸಿ ಆಗಿದೆ. ನರ್ಸಿಂಗ್ ಕಲೀಬೇಕಂತೆ. ಮಂಗಳೂರಿನ ಆಸ್ಪತ್ರೆಯಲ್ಲಿ ಇಬ್ಬರು ದೊಡ್ಡವರ ಕಾಗದ ಕೇಳ್ತಾರಂತೆ. ಹೆಡ್ಮಾಷ್ಟ್ರದ್ದು ಸಿಕ್ಕಿದೆ."

ಡಾಕ್ಟರು ನನ್ನನ್ನು ಮೊದಲ ಸಲ ಸರಿಯಾಗಿ ನೋಡಿದರು. "ಆಗಸ್ಟಿಗೆ ಬರ್ತೇನೆ. ಮೀನು ಹೇಗೆ ನೋಡಿಕೊಂಡಿದ್ದಾಳೆ ನೋಡಿ ಬರೆದು ಕೊಡ್ತೇನೆ. ಸಾಕಲ್ಲ?" ಎಂದರು. ನಗುತ್ತಲೇ ಹೇಳಿದ್ದು. ನಾವು ನಗಲಿಲ್ಲ. ಅರ್ಜಿಯ ಕೊನೆಯ ದಿನ ಆಗಸ್ಟಿನಲ್ಲೇ ಇತ್ತು.

ಮಾತು ಮುಂದುವರಿಸುವ ಮೊದಲು ಒಂದು ಸತ್ಯ ಹೇಳಿಬಿಡುತ್ತೇನೆ. ನಾವು ಮೀನಿನ ಜನ ಹೌದು. ಆದರೆ ನಮಗೆ ಗೊತ್ತಿದ್ದದ್ದು ಸತ್ತ ಮೀನು. ಯಾವ ಮೀನು ಯಾವ ತಿಂಗಳು ಬರುತ್ತದೆ, ಎಷ್ಟು ಹೊತ್ತಿಗೆ ಕೆಡುತ್ತದೆ, ಯಾವುದಕ್ಕೆ ಎಷ್ಟು ಉಪ್ಪು, ಎಲ್ಲ ಗೊತ್ತು. ಬದುಕಿದ ಮೀನನ್ನು ಬದುಕಿರುವ ಹಾಗೆಯೇ ಇಟ್ಟುಕೊಳ್ಳುವ ಕೆಲಸವನ್ನು ನಮ್ಮ ಹಿರಿಯರು ಯಾರೂ ಮಾಡಿದ್ದಿಲ್ಲ. ಅದು ನಮಗೆ ಬೇಡವಾದ ವಿದ್ಯೆ. ಇದು ಡಾಕ್ಟರಿಗೂ ಹೊಳೆಯಲಿಲ್ಲ, ನಮಗೂ ಹೊಳೆಯಲಿಲ್ಲ.

ತೊಟ್ಟಿ ಡಾಕ್ಟರ ಕಾರಿನಲ್ಲೇ ಕಾಪುವಿಗೆ ಬಂತು. ಜೊತೆಗೆ ಒಂದು ಇಂಗ್ಲಿಷ್ ಕಾಗದ, ಏಳು ಸಾಲು, ಅಂಕೆ ಹಾಕಿ ಬರೆದದ್ದು. ಅದನ್ನು ಓದಿ ಹೇಳುವ ಕೆಲಸ ನನ್ನದು. ನಾನು ಅದನ್ನು ದಿನಾ ಬೆಳಿಗ್ಗೆ ಗಟ್ಟಿಯಾಗಿ ಓದುತ್ತಿದ್ದೆ, ಅಕ್ಕಪಕ್ಕದವರಿಗೆ ಕೇಳಿಸಲಿ ಎಂದು. ಚಾವಡಿಯಲ್ಲಿ ಅಕ್ಕಿಯ ಪೆಟ್ಟಿಗೆಯ ಮೇಲೆ ತೊಟ್ಟಿ ಇಟ್ಟೆವು. ನೋಡಲು ಊರಿಗೆ ಊರೇ ಬಂತು. ಬಂದವರಿಗೆ ನಿರಾಸೆ.

"ಇದೆಂತ ಮಾರಾಯ್ತಿ, ತಗಡು ಮೀನು! ಹುಳಿಗಾದರೂ ಆಗ್ತದಾ?" ಎಂದಳು ಪಕ್ಕದ ಮನೆಯ ಲಚ್ಚಕ್ಕ.

"ತಿನ್ನುವುದಕ್ಕಲ್ಲ. ನೋಡುವುದಕ್ಕೆ," ಎಂದೆ ನಾನು, ಡಾಕ್ಟರ ಗತ್ತಿನಲ್ಲಿ.

"ನೋಡಿ ಎಂತ ಮಾಡುವುದು?"

ಹೊರಗೆ ಅಂಗಳದಲ್ಲಿ ಬೂತಾಯಿ ಮೀನು ಚಾಪೆಗಟ್ಟಲೆ ಒಣಗುತ್ತಿತ್ತು. ಒಳಗೆ ನಾಲ್ಕು ಮೀನುಗಳಿಗೆ ಒಣ ಸಿಗಡಿಯನ್ನು ಪುಡಿ ಮಾಡಿ, ಚಿಟಿಕೆ ಲೆಕ್ಕದಲ್ಲಿ ಉಣಿಸುತ್ತಿದ್ದೆವು. ಅಪ್ಪ ಅದನ್ನು ಕಂಡಾಗೆಲ್ಲ ತಲೆ ಅಲ್ಲಾಡಿಸಿ ಹೊರಗೆ ಹೋಗುತ್ತಿದ್ದರು.

ಲಚ್ಚಕ್ಕನ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ಅಮ್ಮನಿಗೆ. ಒಂದು ಸಂಜೆ ಬುಟ್ಟಿ ಇಳಿಸಿ, ಬಿಸಿನೀರಿನ ಬೋಗುಣಿಯಲ್ಲಿ ಕಾಲಿಟ್ಟುಕೊಂಡು ತೊಟ್ಟಿಯ ಎದುರು ಕೂತಿದ್ದಳು. ಒಮ್ಮೆಲೇ "ಅಯ್ಯೋ!" ಎಂದಳು. ನಾನು ಅಡುಗೆಮನೆಯಿಂದ ಓಡಿ ಬಂದೆ. "ಅದು ಕಣ್ಣು ಹೊಡೀತು ಮಗಾ!" ನಾನು ನಂಬಲಿಲ್ಲ. ಇಬ್ಬರೂ ಕೂತು ನೋಡಿದೆವು. ಸ್ವಲ್ಪ ಹೊತ್ತಿಗೆ ಆ ಮೀನು ಕಣ್ಣುಗುಡ್ಡೆಯನ್ನು ಒಮ್ಮೆ ಕೆಳಗೆ ಹೊರಳಿಸಿ ಮೇಲೆ ತಂದಿತು. ಅಮ್ಮ ಹೊಟ್ಟೆ ಹಿಡಿದುಕೊಂಡು ನಕ್ಕಳು. ಮೂವತ್ತು ವರ್ಷ ಮೀನಿನ ಕಣ್ಣು ನೋಡಿಯೇ ಬದುಕಿದವಳು, ಒಂದು ಮೀನು ತಿರುಗಿ ತನ್ನನ್ನು ನೋಡಿದ್ದನ್ನು ಅವತ್ತೇ ಕಂಡದ್ದು. ಆಮೇಲೆ ದಿನಾ ಸಂಜೆ ಅವಳಿಗೆ ಅದೇ ಕೆಲಸವಾಯಿತು. ಅವುಗಳ ಹತ್ತಿರ ತುಳುವಿನಲ್ಲಿ ಮಾತಾಡುತ್ತಿದ್ದಳು. ಇವತ್ತು ಬಸ್ಸು ತಪ್ಪಿತು, ಇವತ್ತು ಗುಡ್ಡ ಹತ್ತುವಾಗ ಎದೆ ಹಿಡಿದ ಹಾಗೆ ಆಯಿತು, ಇಂಥವೆಲ್ಲ. ನಮಗೆ ಯಾರಿಗೂ ಹೇಳದ್ದನ್ನು ಮೀನಿಗೆ ಹೇಳುತ್ತಿದ್ದಳು. ನಾನು ಒಳಗಿಂದ ಕೇಳಿಸಿಕೊಳ್ಳುತ್ತಿದ್ದೆ, ಕೇಳಿಸಿಕೊಂಡು ಸುಮ್ಮನಿರುತ್ತಿದ್ದೆ. ಯಾಕೆ ಸುಮ್ಮನಿದ್ದೆ ಎಂದು ನನ್ನನ್ನೇ ಕೇಳಿಕೊಳ್ಳಲು ಈಗ ಪುರುಸೊತ್ತು ಬೇಕಾದಷ್ಟಿದೆ.

ಮೇ ತಿಂಗಳು ಬಂತು. ಹೆಂಚಿನ ಕೆಳಗೆ ಸೆಕೆ ಕುದಿಯುತ್ತಿತ್ತು, ತೊಟ್ಟಿಯ ನೀರು ಮುಟ್ಟಿದರೆ ಬೆಚ್ಚಗೆ. ಒಂದು ಬೆಳಿಗ್ಗೆ ನೋಡುತ್ತೇನೆ, ನಾಲ್ಕೂ ಮೀನುಗಳು ಒಂದರ ಹಿಂದೊಂದು ತಳದಿಂದ ಸರ್ರನೆ ಮೇಲೆ ಬಂದು, ಬಾಯಿ ತೆರೆದು, ಗಾಳಿ ನುಂಗಿ ಕೆಳಗೆ ಹೋಗುತ್ತಿವೆ. ಮೊದಲೂ ಆಗೊಮ್ಮೆ ಈಗೊಮ್ಮೆ ಹೀಗೆ ಮಾಡುತ್ತಿದ್ದವು. ಈಗ ಗಳಿಗೆಗೊಮ್ಮೆ.

ಅಪ್ಪ ಬಂದು ನೋಡಿದರು. ಅವರು ಮೀನಿನ ವಿಷಯದಲ್ಲಿ ಆಡಿದ ಮಾತಿಗೆ ನಮ್ಮ ಸಾಲಿನ ಮನೆಗಳಲ್ಲಿ ಎದುರು ಮಾತಿಲ್ಲ. "ನೀರು ಸಿಹಿ ಹೆಚ್ಚಾಗಿದೆ," ಎಂದರು. "ಮೊದಲ ಮಳೆಗೆ ಹೊಳೆಯಲ್ಲಿ ನೆರೆ ಬಂದಾಗ ಕಡಲು ಸೇರುವ ಅಳಿವೆಯ ಬಾಗಿಲಲ್ಲಿ ಮೀನು ಹೀಗೇ ಮೇಲೆ ಬಂದು ಬಾಯಿ ಬಿಡುವುದು. ಉಪ್ಪು ಸಾಲುವುದಿಲ್ಲ ಅದಕ್ಕೆ. ಉಬ್ಬರ ಬಂದು ಕಡಲಿನ ನೀರು ಒಳಗೆ ಹೊಕ್ಕಿದರೆ ಸರಿಯಾಗ್ತದೆ."

ನಾನು ಡಾಕ್ಟರ ಕಾಗದ ತಂದೆ. ಐದನೆಯ ಸಾಲು ಹೀಗಿತ್ತು: ಇವು ಆಗಾಗ ಮೇಲೆ ಬಂದು ಗಾಳಿ ನುಂಗುತ್ತವೆ, ಅದು ಇವುಗಳ ಸ್ವಭಾವ, ಏನೂ ಮಾಡಬೇಡಿ. ಕನ್ನಡ ಮಾಡಿ ಓದಿ ಹೇಳಿದೆ.

"ಆ ಕಾಗದ ಬರೆದವರು ಅಳಿವೆ ನೋಡಿದ್ದಾರಾ?" ಎಂದರು ಅಪ್ಪ.

ಅಮ್ಮ ಒಮ್ಮೆ ಅಪ್ಪನನ್ನು, ಒಮ್ಮೆ ಕಾಗದವನ್ನು ನೋಡಿದಳು. ಅವಳಿಗೆ ಬುಟ್ಟಿ ಹೊತ್ತು ಹೊರಡುವ ಹೊತ್ತಾಗಿತ್ತು. "ನೀನು ಓದಿದವಳು. ನಿನಗೆ ಹೇಗೆ ಕಾಣ್ತದೆ ಹಾಗೆ ಮಾಡು," ಎಂದು ನನ್ನ ಮೇಲೆ ಬಿಟ್ಟು ಹೋದಳು.

ನಾನು ಮಧ್ಯಾಹ್ನದವರೆಗೆ ಏನೂ ಮಾಡದೆ ತೊಟ್ಟಿಯ ಎದುರು ಕೂತೆ. ಏನೂ ಮಾಡದೆ ಕೂರುವುದು ಎಷ್ಟು ಕಷ್ಟ ಎಂದು ರೋಗಿಯ ಪಕ್ಕ ಕೂತವರಿಗೆ ಗೊತ್ತು. ಪ್ರತಿ ಸಲ ಮೀನು ಮೇಲೆ ಬಂದಾಗಲೂ ನನಗೆ ಕಾಣುತ್ತಿದ್ದದ್ದು ಮೀನಲ್ಲ, ಮಂಗಳೂರಿನ ಆಸ್ಪತ್ರೆ, ಬಿಳಿ ಸೀರೆ, ಬಿಳಿ ಟೊಪ್ಪಿ. ಇವು ಸತ್ತರೆ ಅದೆಲ್ಲ ಹೋಯಿತು. ಕೊನೆಗೆ ಹೆದರಿಕೆ ಗೆದ್ದಿತು. ಕೊಡಪಾನ ತೆಗೆದುಕೊಂಡು ಕಡಲಿಗೆ ಹೋದೆ. ತಂಬಿಗೆಯಿಂದ ತೊಟ್ಟಿಗೆ ಮೆಲ್ಲ ಮೆಲ್ಲಗೆ ಸುರಿದೆ, ಮಗುವಿಗೆ ಔಷಧ ಕುಡಿಸುವ ಹಾಗೆ. ಅವು ಮೊದಲಿಗಿಂತ ಹೆಚ್ಚು ಮೇಲೆ ಬಂದವು. ಸಾಲಲಿಲ್ಲ ಎಂದುಕೊಂಡು ಇನ್ನೂ ಸುರಿದೆ.

ಸಂಜೆಗೆ ಮೂರು ಸತ್ತವು. ಹೊಟ್ಟೆ ಮೇಲಾಗಿ ತೇಲುವುದನ್ನು ಕಂಡಾಗ ಅಮ್ಮ ಇನ್ನೂ ಬುಟ್ಟಿ ಇಳಿಸಿರಲಿಲ್ಲ. ನಾಲ್ಕನೆಯದನ್ನು ಬಾವಿಯ ನೀರಿನ ಹಂಡೆಗೆ ಹಾಕಿದೆವು. ಅದು ಮೂರು ದಿನ ಇತ್ತು. ಮೂರು ದಿನವೂ ಅಮ್ಮ ಮಣಿಪಾಲಕ್ಕೆ ಹೋಗಲಿಲ್ಲ. ಅವಳು ವ್ಯಾಪಾರ ತಪ್ಪಿಸಿದ್ದು ನನಗೆ ನೆನಪಿದ್ದಂತೆ ಅದೊಂದೇ ಸಲ. ಮೊದಲ ಮೂರನ್ನೂ ಆಮೇಲೆ ನಾಲ್ಕನೆಯದನ್ನೂ ಸತ್ತ ಕೂಡಲೇ ಅವಳು ಎಲೆಯಲ್ಲಿ ಸುತ್ತಿ ತೆಗೆದುಕೊಂಡು ಹೋದಳು. ಮೀನಿನ ಕಸವನ್ನೆಲ್ಲ ತೆಂಗಿನ ಬುಡಕ್ಕೆ ಹಾಕುವುದು ನಮ್ಮ ವಾಡಿಕೆ, ಹಾಗಾಗಿ ನಾನು ಕೇಳಲಿಲ್ಲ. ನನ್ನನ್ನು ಯಾರೂ ಬೈಯಲೂ ಇಲ್ಲ. ಅಪ್ಪ ಮಾತ್ರ ಆ ತೊಟ್ಟಿ ಇದ್ದಷ್ಟು ದಿನ ಚಾವಡಿಯಲ್ಲಿ ಊಟ ಮಾಡಲಿಲ್ಲ.

ಉಪಾಯ ಕೊಟ್ಟವಳು ಲಚ್ಚಕ್ಕ. ಮಳೆ ಹಿಡಿದು ಗದ್ದೆಯಲ್ಲಿ ನೀರು ನಿಂತಾಗ ಮುಗುಡು ಮರಿ ಹಾಕುತ್ತದೆ. ಮುಗುಡು ಎಂದರೆ ನಮ್ಮ ಕೆಸರಿನ ಮೀಸೆ ಮೀನು. "ಮೀಸೆ ಉಂಟು, ಕರ್ರಗೆ ಉಂಟು, ಅಷ್ಟೇ ಉದ್ದ ಉಂಟು. ಡಾಕ್ಟ್ರು ಎಂತ, ಕಿವಿರು ಎತ್ತಿ ನೋಡ್ತಾರಾ?" ಎಂದಳು. ನಾನು ಅವತ್ತೇ ಗದ್ದೆಗೆ ಇಳಿದು ನಾಲ್ಕು ಮರಿ ಹಿಡಿದು ತಂದೆ. ತಗಡೊಂದಿಲ್ಲ, ನುಣ್ಣನೆಯ ಮೈ. ಆದರೂ ಹೊಯಿಗೆಯ ಮೇಲೆ ಮಲಗಿದಾಗ, ಗಿಡದ ನೆರಳಿನಲ್ಲಿ, ಸ್ವಲ್ಪ ದೂರದಿಂದ, ಕಣ್ಣು ಸಣ್ಣ ಮಾಡಿ ನೋಡಿದರೆ ಆಗುತ್ತದೆ ಎನಿಸಿತು. ಆಗಲೇಬೇಕು ಎಂದು ನೋಡಿದರೆ ಯಾವುದೂ ಆಗುತ್ತದೆ.

ಅಮ್ಮನನ್ನು ಕೇಳಿದೆ. "ನೀನು ಬಿಡುವುದಾದರೆ ಬಿಡು," ಎಂದಳು. ಅಷ್ಟೇ. ಸಂಜೆ ತೊಟ್ಟಿಯ ಎದುರು ಕೂರುವುದನ್ನು ನಿಲ್ಲಿಸಿದಳು. ಮುಗುಡಿನ ಹತ್ತಿರ ಅವಳಿಗೆ ಮಾತಾಡಲಿಕ್ಕೆ ಏನೂ ಇರಲಿಲ್ಲ. ನಾನು ಮಾತ್ರ ಎರಡು ತಿಂಗಳು ಆ ನಾಲ್ಕು ಸುಳ್ಳುಗಳಿಗೆ ನೀರು ಬದಲಿಸಿದೆ, ಚಿಟಿಕೆ ಲೆಕ್ಕದಲ್ಲಿ ಉಣಿಸಿದೆ, ಬೇಗ ಬೆಳೆಯದಿರಲಿ ಎಂದು ಅರ್ಧ ಚಿಟಿಕೆ ಮಾಡಿದೆ. ಕಾಗದದ ಏಳೂ ಸಾಲುಗಳನ್ನು ಇಷ್ಟು ಭಕ್ತಿಯಿಂದ ಪಾಲಿಸಿದ್ದು ಆಗಲೇ.

ಆಗಸ್ಟಿನಲ್ಲಿ ಡಾಕ್ಟರ ಕಾರು ಬಂತು. ಮೀನನ್ನು ಬಕೆಟ್ಟಿಗೆ ಹಾಕಿ, ತೊಟ್ಟಿಯನ್ನು ಹಿಂದೆ ಇಟ್ಟು, ಅಮ್ಮನೂ ನಾನೂ ಕಾರಿನಲ್ಲೇ ಹೋದೆವು. ನಾನು ಮೊದಲ ಬಾರಿ ಕಾರು ಹತ್ತಿದ್ದು. ಬಕೆಟ್ಟನ್ನು ತೊಡೆಯ ಮಧ್ಯೆ ಹಿಡಿದುಕೊಂಡು, ನೀರು ಚೆಲ್ಲುತ್ತದೆಂ‌ಬ ಚಿಂತೆಯಲ್ಲಿ ಒಂದು ಊರನ್ನೂ ನೋಡಲಿಲ್ಲ. ಅಮ್ಮ ದಾರಿಯುದ್ದಕ್ಕೂ ಸೊಂಟಕ್ಕೆ ಸಿಕ್ಕಿಸಿದ ಸೆರಗಿನ ಗಂಟನ್ನು ಹಿಡಿದುಕೊಂಡೇ ಇದ್ದಳು. ಎಲೆಯಡಿಕೆ ಇರಬೇಕು ಎಂದುಕೊಂಡೆ.

ಜಗಲಿಯಲ್ಲಿ ತೊಟ್ಟಿ ಮೊದಲಿನ ಜಾಗಕ್ಕೆ ಸೇರಿತು. ಡಾಕ್ಟರು ಪ್ರಯಾಣದ ಸುಸ್ತಿನಲ್ಲಿದ್ದರು. ಬಗ್ಗಿ ನೋಡಿದರು. ಮೀನುಗಳು ಗಿಡದ ಹಿಂದೆ ಹೋಗಿ ಅಡಗಿದವು. ಬಾಲ ಮಾತ್ರ ಕಾಣುತ್ತಿತ್ತು. "ಬೆಳೆದಿವೆ!" ಎಂದರು. "ಒಳ್ಳೆದು ಮಾಡಿದೆ ಹುಡುಗಿ. ನನ್ನ ಕೈಯಲ್ಲೇ ಇಷ್ಟು ಬೆಳೆಯುತ್ತಿರಲಿಲ್ಲ." ಮೇಜಿನ ಹತ್ತಿರ ಹೋಗಿ ಕೂತರು. ತಮ್ಮ ಹೆಸರು ಅಚ್ಚಾಗಿರುವ ಕಾಗದ ತೆಗೆದರು, ಪೆನ್ನಿನ ಮುಚ್ಚಳ ಬಿಚ್ಚಿದರು. "ಪೂರ್ತಿ ಹೆಸರು ಹೇಳು." ಹೇಳಿದೆ. ಅವರು ಬರೆಯತೊಡಗಿದರು. ಆ ಪೆನ್ನಿನ ಸದ್ದು ನನಗೆ ಕೇಳಿಸುತ್ತಿತ್ತು. ಮಂಗಳೂರು ನನ್ನಿಂದ ಒಂದು ಸಹಿಯಷ್ಟು ದೂರದಲ್ಲಿತ್ತು.

"ಡಾಕ್ಟ್ರೇ, ಬರೆಯುವ ಮೊದಲು ಇದನ್ನೊಮ್ಮೆ ನೋಡಿ," ಎಂದಳು ಅಮ್ಮ.

ಸೆರಗಿನ ಗಂಟು ಬಿಚ್ಚಿದಳು. ಒಣಗಿದ ತೇಗದ ಎಲೆ. ಎಲೆಯೊಳಗೆ ನಾಲ್ಕು ಮೀನು. ಒಣಮೀನು ಮಾಡುವುದರಲ್ಲಿ ಅಮ್ಮನನ್ನು ಮೀರಿಸಿದವರಿರಲಿಲ್ಲ. ಮೀಸೆ ಮುರಿದಿತ್ತು, ಕಣ್ಣು ಇರಲಿಲ್ಲ, ಆದರೆ ಎರಡು ಸಾಲು ತಗಡು ಒಂದೂ ಕದಲದೆ ಹಾಗೆಯೇ ಇತ್ತು.

"ನಿಮ್ಮ ಮೀನು ಇದು. ಅಲ್ಲಿ ಇರುವುದು ನಮ್ಮ ಗದ್ದೆಯ ಮುಗುಡು. ಮೇಲೆ ಬಂದು ಬಾಯಿ ಬಿಡ್ತಾ ಇದ್ದವು, ಉಪ್ಪು ಬೇಕೇನೋ ಅಂತ ಕಡಲಿನ ನೀರು ಹಾಕಿ ನಾವೇ ಕೊಂದದ್ದು."

ಡಾಕ್ಟರು ಒಂದನ್ನು ಎತ್ತಿ ಕನ್ನಡಕದ ಹತ್ತಿರ ಹಿಡಿದು ನೋಡಿದರು. ಬಾಯಮ್ಮ ಬಾಗಿಲಿಗೆ ಬಂದು ನಿಂತರು. "ಅಲ್ಲಿ ಬೇಸಿಗೆಯಲ್ಲಿ ತೋಡು ಬತ್ತುತ್ತದೆ ಅಕ್ಕು," ಎಂದರು ಡಾಕ್ಟರು. "ಕೊಚ್ಚೆ ನೀರಿನಲ್ಲಿ ಮೇಲೆ ಬಂದು ಗಾಳಿ ನುಂಗಿಯೇ ಬದುಕುವುದು ಅವು. ಏನೂ ಆಗಿರಲಿಲ್ಲ ಅವಕ್ಕೆ." ಆಮೇಲೆ ನನ್ನ ಕಡೆ ತಿರುಗಿದರು. "ಕಾಗದ ಓದಲಿಲ್ವಾ?"

"ಓದಿದ್ದೆ."

"ಐದನೆಯ ಸಾಲು?"

"ಓದಿದ್ದೆ."

ಅವರು ಪೆನ್ನಿನ ಮುಚ್ಚಳ ಹಾಕಿದರು. ಸಿಟ್ಟಿನಿಂದಲ್ಲ. ಸಿಟ್ಟು ಮಾಡಿದ್ದರೆ ನನಗೆ ಇಷ್ಟು ವರ್ಷ ನೆನಪಿರುತ್ತಿರಲಿಲ್ಲ. "ಮೀನು ಸತ್ತದ್ದಕ್ಕೆ ನನಗೆ ಬೇಸರವಿಲ್ಲ ಅಕ್ಕು. ಆದರೆ ಬರೆದದ್ದನ್ನು ಓದಿಯೂ ತನಗೆ ಕಂಡದ್ದನ್ನು ಸುರಿದಳಲ್ಲ. ಸುರಿದು ಮುಚ್ಚಿಟ್ಟಳಲ್ಲ. ನಾಳೆ ವಾರ್ಡಿನಲ್ಲಿ ಹೀಗೆ ಆದರೆ? ನಾನು ಹೇಗೆ ಬರೆದು ಕೊಡಲಿ, ನೀನೇ ಹೇಳು ಅಕ್ಕು."

ಬಾಯಮ್ಮ ಕೊಂಕಣಿಯಲ್ಲಿ ಏನೋ ಹೇಳಿದರು, ಬಿಟ್ಟುಬಿಡಿ ಎನ್ನುವ ಧ್ವನಿಯಲ್ಲಿ. ಡಾಕ್ಟರು ತಲೆ ಅಲ್ಲಾಡಿಸಿದರು. ಅಮ್ಮ ಕೇಳಿಕೊಳ್ಳುತ್ತಾಳೆ, ಕಾಲು ಹಿಡಿಯುತ್ತಾಳೆ ಎಂದು ನಾನು ಕಾದೆ. ಅವಳು "ನೀವು ಹೇಳುವುದು ಸರಿ ಡಾಕ್ಟ್ರೇ," ಎಂದಳು. ಎಲೆಯನ್ನು ಮತ್ತೆ ಮಡಚಿದಳು. ಅವತ್ತು ನನ್ನ ತಾಯಿಯ ಮೇಲಿದ್ದಷ್ಟು ದ್ವೇಷ ನನಗೆ ಯಾರ ಮೇಲೂ ಇರಲಿಲ್ಲ.

ಗುಡ್ಡ ಇಳಿಯುವಾಗ ಸಣ್ಣಗೆ ಮಳೆ. ನಾನು ಹತ್ತು ಮಾರು ಮುಂದೆ ನಡೆಯುತ್ತಿದ್ದೆ. ಕೊನೆಗೆ ತಡೆಯಲಾರದೆ ತಿರುಗಿ ನಿಂತು ಅತ್ತೆ. "ಒಂದು ಸುಳ್ಳು. ನನಗೋಸ್ಕರ ಒಂದು ಸುಳ್ಳು ಹೇಳಲಿಕ್ಕೆ ಆಗಲಿಲ್ವಾ ನಿನಗೆ? ಹೇಳುವುದೂ ಬೇಡ, ಸುಮ್ಮನೆ ಇದ್ದಿದ್ದರೆ ಸಾಕಿತ್ತು."

ಅಮ್ಮ ಏದುಸಿರು ಬಿಡುತ್ತಿದ್ದಳು. "ನಾಳೆ ಆ ಮನೆಗೆ ಮೀನು ತಗೊಂಡು ಹೋಗ್ಬೇಕು ನಾನು," ಎಂದಳು. "ತಾಜಾ ಅಂತ ಯಾವ ಬಾಯಲ್ಲಿ ಹೇಳಲಿ?"

ಮರುವರ್ಷ ಅರ್ಜಿ ಹಾಕಬಹುದಿತ್ತಲ್ಲ ಎಂದು ನೀವು ಕೇಳುತ್ತೀರಿ. ಕೇಳಿದವರಲ್ಲಿ ನೀವು ಮೊದಲಿಗರಲ್ಲ. ಹಾಕಬಹುದಿತ್ತು. ಊರಿನ ಪಟೇಲರೂ ಕಾಗದ ಕೊಡುತ್ತಿದ್ದರು. ನಾನು ಹಾಕಲಿಲ್ಲ. ಅಮ್ಮನಿಗೆ ಕಾಣಿಸುವ ಹಾಗೆ ಬುಟ್ಟಿ ಹೊತ್ತೆ. ಎಸ್ಸೆಸ್ಸೆಲ್ಸಿ ಪಾಸಾದ ಮಗಳು ಮೀನು ಮಾರುವುದನ್ನು ಅವಳು ದಿನಾ ನೋಡಲಿ, ನೋಡಿ ಕೊರಗಲಿ ಎಂದು. ಒಂದೆರಡು ವರ್ಷದ ಹಠ ಎಂದುಕೊಂಡಿದ್ದೆ. ಹಠ ಅಭ್ಯಾಸವಾಯಿತು, ಅಭ್ಯಾಸದ ನಡುವೆ ಮದುವೆಯಾಯಿತು, ಮಕ್ಕಳಾದರು, ಮಂಡಿ ಸವೆಯಿತು. ಅಮ್ಮ ಕೊರಗಿದಳೋ ಇಲ್ಲವೋ ನನಗೆ ಗೊತ್ತಿಲ್ಲ. ಅವಳು ಮಾತಾಡುತ್ತಿದ್ದದ್ದು ಮೀನಿನ ಹತ್ತಿರ, ಮೀನು ಸತ್ತಿತ್ತು.

ಡಾಕ್ಟರ ಮನೆಯವರು ಊರು ಬಿಡುವವರೆಗೂ ಅಮ್ಮನಿಂದಲೇ ಮೀನು ಕೊಂಡರು. ಅಮ್ಮನ ಕಾಲು ಸೋತ ಮೇಲೆ ಆ ಮನೆಗಳಿಗೆಲ್ಲ ನಾನು ಹೋದೆ. ಆ ಬುಟ್ಟಿಯ ಮೀನಿನ ಕಿವಿರನ್ನು ಯಾರೂ ಎತ್ತಿ ನೋಡುತ್ತಿರಲಿಲ್ಲ. ಆಮೇಲೆ ಐಸು ಬಂತು. ಐಸು ಬಂದ ಮೇಲೆ ನಿನ್ನೆಯದ್ದನ್ನು ಇವತ್ತಿನದ್ದು ಎನ್ನುವುದು ಸುಲಭ. ನಾನು ಅಂದಿದ್ದೇನೆ, ಒಂದೆರಡು ಸಲವಲ್ಲ. ನನ್ನನ್ನು ನಂಬಿ ತಿಂದವರಿಗೆ ಏನೂ ಆಗಲಿಲ್ಲ, ನನಗೂ ಏನೂ ಆಗಲಿಲ್ಲ. ಅಮ್ಮ ತೀರಿಹೋಗಿ ನಲವತ್ತು ವರ್ಷ ದಾಟಿತು. ಸಿಟ್ಟು ಮಾತ್ರ ಇತ್ತು. ದಿನಾ ಉರಿಯುವ ಸಿಟ್ಟಲ್ಲ. ಎಲ್ಲಿಟ್ಟಿದ್ದೇನೆಂದು ಗೊತ್ತಿರುವ, ಆದರೆ ಎತ್ತಿ ಬಿಸಾಡಲು ಸೋಮಾರಿತನವಾಗುವ ಹಳೆಯ ಸಾಮಾನಿನ ಹಾಗೆ.

ನನ್ನ ನಂಬರು ಕರೆದರು. ಒಳಗೆ ಡಾಕ್ಟರನ್ನು ನೋಡುವ ಮೊದಲು ನರ್ಸಿನ ಹತ್ತಿರ ಕೂರಬೇಕು. ಇಪ್ಪತ್ತೆರಡು ಇಪ್ಪತ್ತಮೂರರ ಹುಡುಗಿ, ನಿಟ್ಟೆಯವಳಂತೆ. ತೋಳಿಗೆ ಪಟ್ಟಿ ಸುತ್ತಿ ಗಾಳಿ ತುಂಬಿದಳು. ಗೀಟು ನೋಡಿ ಹುಬ್ಬು ಗಂಟಿಕ್ಕಿದಳು. ಮತ್ತೊಮ್ಮೆ ತುಂಬಿದಳು.

"ತುಂಬಾ ಹೆಚ್ಚು ಉಂಟಲ್ಲ ಅಮ್ಮ. ಮಾತ್ರೆ ಬರೆದ ಹಾಗೆ ತಗೊಳ್ತಾ ಇದ್ದೀರಲ್ವಾ? ದಿನಾ ಎರಡು?"

ಹೌದು ಎನ್ನಬೇಕು. ಹೋದ ತಿಂಗಳೂ ಅದನ್ನೇ ಅಂದಿದ್ದೆ, ಅದರ ಹಿಂದಿನ ತಿಂಗಳೂ. ಬಾಯಿ ತನ್ನಷ್ಟಕ್ಕೆ ತೆರೆಯಿತು. ಆದರೆ ಬಂದದ್ದು ಬೇರೆ ಮಾತು.

"ಇಲ್ಲ ಮಗಾ. ಚೀಟಿ ಓದಿದ್ದೇನೆ. ಆದರೆ ತಲೆ ತಿರುಗ್ತದೆ ಅಂತ ನಾನೇ ಅರ್ಧ ಮಾಡಿದ್ದು. ಮತ್ತೆ ನೆರೆಮನೆಯವಳು ಕೊಟ್ಟ ಒಂದು ಕಷಾಯ ಕುಡೀತೇನೆ."

"ಎಷ್ಟು ಸಮಯದಿಂದ?"

"ಮೂರು ತಿಂಗಳಾಯ್ತು."

ಹೇಳಿದ ಮೇಲೆ ನನಗೆ ನಗು ಬಂತು. ಅವತ್ತು ಡಾಕ್ಟರು ಪೆನ್ನಿಗೆ ಮುಚ್ಚಳ ಹಾಕಿದ್ದು ಸರಿಯೇ ಇತ್ತು. ಅರುವತ್ತು ವರ್ಷ ಕಳೆದರೂ ನಾನು ಓದುವುದು ಒಂದು, ಸುರಿಯುವುದು ಇನ್ನೊಂದು. ಪುಣ್ಯಕ್ಕೆ ಯಾವ ವಾರ್ಡೂ ನನ್ನ ಕೈಗೆ ಸಿಗಲಿಲ್ಲ.

ಹುಡುಗಿ ಬೈಯುತ್ತಾಳೆ ಎಂದುಕೊಂಡೆ. ಅವಳು ಪುಸ್ತಕದಲ್ಲಿ ಬರೆದದ್ದನ್ನು ಹೊಡೆದು ಹಾಕಿ ಬೇರೆ ಬರೆದಳು. "ಹೇಳಿದ್ದು ಒಳ್ಳೆದಾಯ್ತು," ಎಂದಳು. "ಇಲ್ಲದಿದ್ರೆ ಡಾಕ್ಟ್ರು ಇವತ್ತು ಮಾತ್ರೆ ಹೆಚ್ಚು ಮಾಡ್ತಿದ್ರು. ಅದನ್ನು ನೀವು ಪೂರ್ತಿ ತಗೊಂಡಿದ್ರೆ ಬಿದ್ದೇ ಬಿಡ್ತಿದ್ರಿ. ಹೀಗೆ ಬಾಯಿ ಬಿಟ್ಟು ಯಾರೂ ಹೇಳುವುದಿಲ್ಲ ಅಮ್ಮ."

"ನಮ್ಮಮ್ಮ ಆಗಿದ್ದರೆ ಮೂರು ತಿಂಗಳು ಕಾಯ್ತಿರಲಿಲ್ಲ," ಎಂದೆ. "ಕೂತ ಕೂಡಲೇ ಹೇಳ್ತಿದ್ದಳು. ಬಹಳ ಪ್ರಾಮಾಣಿಕ ಹೆಂಗಸು. ಈ ಗುಡ್ಡಕ್ಕೇ ಮೀನು ತರ್ತಿದ್ದಳು."

ಹುಡುಗಿ "ಹೌದಾ?" ಎಂದು ತೋಳಿನ ಪಟ್ಟಿ ಬಿಚ್ಚತೊಡಗಿದಳು. ಹೊರಗಿನವರೆದುರು ನನ್ನ ತಾಯಿಯ ಬಗ್ಗೆ ನಾನು ಆಡಿದ ಮೊದಲ ಒಳ್ಳೆಯ ಮಾತು ಅದು ಎಂದು ಅವಳಿಗೆ ಹೇಗೆ ಗೊತ್ತಾಗಬೇಕು?